ಒಂದು ಹುದ್ದೆ, ಇಬ್ಬರು ಗಣಿತದ ಟೀಚರುಗಳು

ನಾನು ಕೆಲಸಕ್ಕೆ ಸೇರಿದ ದಿನ ಹೆಡ್‌ಮಾಸ್ಟರ ಕೋಣೆಯಲ್ಲಿ ನನಗಿಂತ ಮೊದಲೇ ಒಬ್ಬಳು ಬಂದು ಕೂತಿದ್ದಳು. ನನ್ನ ಕೈಯಲ್ಲಿದ್ದಂಥದೇ ನೇಮಕಾತಿ ಪತ್ರ ಅವಳ ಕೈಯಲ್ಲೂ ಇತ್ತು. ಅದೇ ಶಾಲೆಯ ಮೊಹರು, ಅದೇ ಗಣಿತದ ಹುದ್ದೆ. ನನ್ನದಕ್ಕೆ ಅಧ್ಯಕ್ಷರ ಸಹಿ, ಅವಳದಕ್ಕೆ ಕಾರ್ಯದರ್ಶಿಯ ಸಹಿ.

ಆ ಹೈಸ್ಕೂಲು ಶಿರಾಳಕೊಪ್ಪದಿಂದ ಸೊರಬಕ್ಕೆ ಹೋಗುವ ದಾರಿಯಲ್ಲಿತ್ತು. ಅದನ್ನು ನಡೆಸುತ್ತಿದ್ದ ಸಂಘ ಒಡೆದು ಎರಡು ಹೋಳಾಗಿತ್ತು. ಅಧ್ಯಕ್ಷರು ಒಂದು ಸಭೆ ಕರೆದು ಕಾರ್ಯದರ್ಶಿಯನ್ನು ತೆಗೆದುಹಾಕಿದ್ದರು. ಕಾರ್ಯದರ್ಶಿ ಇನ್ನೊಂದು ಸಭೆ ಕರೆದು ಅಧ್ಯಕ್ಷರನ್ನು ತೆಗೆದುಹಾಕಿದ್ದರು. ಆಡಳಿತ ಯಾರದೆಂದು ಸೊರಬದ ಕೋರ್ಟಿನಲ್ಲಿ ದಾವೆ ನಡೆಯುತ್ತಿತ್ತು. ಅಂಬ್ಲಿಗೊಳದ ಕಡೆಯ ರೈತರ ಮನೆಯವಳಾದ ನನಗೆ ಇದೊಂದೂ ಗೊತ್ತಿರಲಿಲ್ಲ. ಶಿರಾಳಕೊಪ್ಪದ ಟೈಲರ್ ಒಬ್ಬರ ಮಗಳಾದ ಅವಳಿಗೂ ಗೊತ್ತಿರಲಿಲ್ಲ.

ಹೆಡ್‌ಮಾಸ್ಟರು ಪತ್ರಗಳನ್ನು ಅಕ್ಕಪಕ್ಕ ಇಟ್ಟು ಬಹಳ ಹೊತ್ತು ನೋಡಿದರು.

"ನಿಮ್ಮನ್ನ ವಾಪಸ್ ಕಳ್ಸಿದ್ರೆ ಅಧ್ಯಕ್ಷರು ನನ್ನ ಬಿಡಲ್ಲ. ಇವ್ರನ್ನ ಕಳ್ಸಿದ್ರೆ ಕಾರ್ಯದರ್ಶಿ ಬಿಡಲ್ಲ. ಇಬ್ರೂ ಒಂಬತ್ತನೇ ಕ್ಲಾಸಿಗೆ ಹೋಗಿಬಿಡ್ರೀ. ಕೋರ್ಟು ಏನ್ ಹೇಳುತ್ತೋ ಆಮೇಲೆ ನೋಡೋಣ."

ಇಬ್ಬರೂ ಹೋದೆವು. ಬಾಗಿಲಲ್ಲಿ ಒಟ್ಟಿಗೆ ಒಳಗೆ ನುಗ್ಗಲು ಹೋಗಿ ಭುಜಕ್ಕೆ ಭುಜ ತಾಗಿತು. ಮಕ್ಕಳು ಎದ್ದು ನಿಂತು, "ಗುಡ್ ಮಾರ್ನಿಂಗ್ ಮಿಸ್" ಎಂದು ಒಮ್ಮೆ ಹೇಳಿ, ನಮ್ಮಿಬ್ಬರ ಮುಖ ನೋಡಿ, ಇನ್ನೊಮ್ಮೆ ಹೇಳಿದರು. ಅವಳು ಬೋರ್ಡಿನ ನಡುವೆ ಸೀಮೆಸುಣ್ಣದಿಂದ ಒಂದು ಗೆರೆ ಎಳೆದು ನನ್ನ ಕಿವಿಯ ಹತ್ತಿರ ಕೇಳಿದಳು:

"ನಿಮಗೆ ಬೀಜಗಣಿತ ಬೇಕಾ, ರೇಖಾಗಣಿತ ಬೇಕಾ?"

"ರೇಖಾಗಣಿತ" ಎನ್ನುವಷ್ಟರಲ್ಲಿ ನನಗೆ ನಗು ಬಂದುಬಿಟ್ಟಿತು. ಅವಳಿಗೂ ಬಂತು. ಆ ನಗು ಆ ವರ್ಷವಿಡೀ ನಿಲ್ಲಲಿಲ್ಲ. ಸ್ಟಾಫ್ ರೂಮಿನಲ್ಲಿ, ಪ್ರಾರ್ಥನೆಯ ಸಾಲಿನಲ್ಲಿ, ಒಬ್ಬರ ಮುಖ ಒಬ್ಬರು ನೋಡಿದರೆ ಸಾಕಿತ್ತು. ತಿಂಗಳೊಪ್ಪತ್ತಿನಲ್ಲಿ 'ನೀವು' ಹೋಗಿ 'ನೀನು' ಆಯಿತು. ಅವಳು ಒಂದು ವಾರ ಹಾಜರಾತಿ ಕರೆದರೆ ಮುಂದಿನ ವಾರ ನಾನು ಕರೆಯುತ್ತಿದ್ದೆ. ನಿಜ ಹೇಳಬೇಕೆಂದರೆ ಮಕ್ಕಳು ಚೆನ್ನಾಗಿಯೇ ಕಲಿತರು.

ಸಾಕ್ಷಿ ಹೇಳಬೇಕೆಂದು ಇಬ್ಬರಿಗೂ ಕರೆ ಬಂತು, ನನಗೆ ಅಧ್ಯಕ್ಷರ ಕಡೆಯಿಂದ, ಅವಳಿಗೆ ಕಾರ್ಯದರ್ಶಿಯ ಕಡೆಯಿಂದ. ಆ ದಿನ ಒಂದೇ ಬಸ್ಸಿನಲ್ಲಿ ಸೊರಬಕ್ಕೆ ಹೊರಟೆವು. ನಾನು ಕಟ್ಟಿಕೊಂಡಿದ್ದ ಚಿತ್ರಾನ್ನ ತಿನ್ನುತ್ತಾ ಅವಳು ಕೇಳಿದಳು:

"ನಿನ್ನ ವಕೀಲ್ರು ಏನ್ ಹೇಳು ಅಂದಾರೆ?"

"ಗಣಿತ ಮಾಡೋದು ನಾನೊಬ್ಬಳೇ ಅಂತ."

"ನಮ್ಮೋರೂ ಅದನ್ನೇ ಬಾಯಿಪಾಠ ಮಾಡ್ಸ್ಯಾರೆ" ಎಂದಳು. ಬಸ್ ಸ್ಟ್ಯಾಂಡಿನಲ್ಲಿ ಇಳಿಯುವಾಗ ಇಬ್ಬರಿಗೂ ನಕ್ಕು ನಕ್ಕು ಪಕ್ಕೆ ಹಿಡಿದಿತ್ತು. ಕೋರ್ಟಿನ ಗೇಟಿನ ಹತ್ತಿರ ದೂರ ದೂರ ಸರಿದು, ಗುರುತೇ ಇಲ್ಲದವರ ಹಾಗೆ ಒಳಗೆ ಹೋದೆವು.

ಮೊದಲು ನನ್ನನ್ನು ಕರೆದರು. ಸತ್ಯವನ್ನೇ ಹೇಳುತ್ತೇನೆಂದು ಪ್ರಮಾಣ ಮಾಡಿದೆ. ಎದುರು ಕಡೆಯ ವಕೀಲರು ಎದ್ದು ನಿಂತು, "ಒಂಬತ್ತನೇ ತರಗತಿಗೆ ಗಣಿತ ಮಾಡೋರು ಯಾರಮ್ಮ?" ಎಂದು ಕೇಳಿದರು. ಬಾಯಿಪಾಠ ಮಾಡಿದ್ದ ಮಾತು ನಾಲಿಗೆಯ ತುದಿಗೆ ಬಂತು. ಅಷ್ಟರಲ್ಲಿ ಹಿಂದಿನ ಬೆಂಚಿನಲ್ಲಿ ಅವಳು ದುಪಟ್ಟಾದ ಅಂಚನ್ನು ಬಾಯಿಗೆ ಒತ್ತಿಕೊಂಡು ಕೂತಿದ್ದು ಕಂಡಿತು. ನಾನು ಕಟಕಟೆಯಲ್ಲೇ ನಕ್ಕುಬಿಟ್ಟೆ.

"ನಗು ಯಾಕಮ್ಮ?" ಎಂದರು ನ್ಯಾಯಾಧೀಶರು.

"ತಪ್ಪಾಯ್ತು ಸರ್. ಇಬ್ರೂ ಮಾಡ್ತೀವಿ. ಅವ್ರು ಬೀಜಗಣಿತ, ನಾನು ರೇಖಾಗಣಿತ. ಇಬ್ರಲ್ಲಿ ಒಬ್ರನ್ನ ತೆಗೆದ್ರೆ ಈ ವರ್ಷ ಪೋರ್ಷನ್ ಮುಗಿಯಲ್ಲ."

ನ್ಯಾಯಾಧೀಶರು ತಲೆ ತಗ್ಗಿಸಿ ಕಾಗದ ನೋಡಿದರು. ಅವರೂ ನಗುತ್ತಿದ್ದರೇ, ನನಗೆ ತಿಳಿಯಲಿಲ್ಲ. ಆಮೇಲೆ ಅವಳೂ ಬಂದು ಅದನ್ನೇ ಹೇಳಿದಳು. ಹೊರಗೆ ಅಧ್ಯಕ್ಷರು ನನ್ನ ಕಡೆ ತಿರುಗಿಯೂ ನೋಡದೆ ಕಾರು ಹತ್ತಿದರು. ಕೆಲಸ ಹೋಯಿತೆಂದೇ ಅಂದುಕೊಂಡೆ. ಆದರೂ ಎದೆ ಎಷ್ಟು ಹಗುರಾಗಿತ್ತೆಂದರೆ, ಬಸ್ಸಿನಲ್ಲಿ ಶಿರಾಳಕೊಪ್ಪ ಬಂದದ್ದೇ ಗೊತ್ತಾಗಲಿಲ್ಲ.

ತೀರ್ಪು ಬಂದ ದಿನ ಎರಡೂ ಕಡೆಯವರಿಗೆ ಕೋರ್ಟಿನಿಂದ ಅವರವರ ವಕೀಲರ ಫೋನು ಬಂತು. ಎದುರಿನವರ ಸಮಿತಿ ಸಿಂಧುವಲ್ಲ ಎಂಬಷ್ಟನ್ನು ಮಾತ್ರ ಎರಡೂ ಕಡೆಯವರು ಕೇಳಿಸಿಕೊಂಡಿದ್ದರು. ಶಾಲೆಯ ಗೇಟಿನ ಎಡಕ್ಕೆ ಅಧ್ಯಕ್ಷರ ಕಡೆಯವರು, ಬಲಕ್ಕೆ ಕಾರ್ಯದರ್ಶಿಯ ಕಡೆಯವರು ಪಟಾಕಿ ಹಚ್ಚಿದರು. ಎರಡು ಡಬ್ಬಿ ಪೇಡಾ ಒಳಗೆ ಬಂದವು. ಮಕ್ಕಳು ಎರಡೂ ಕಡೆ ಕೈ ಒಡ್ಡಿ, ತಿಂದು, ಮತ್ತೆ ಸಾಲಿನಲ್ಲಿ ನಿಂತರು. ಮಧ್ಯಾಹ್ನದ ಹೊತ್ತಿಗೆ ಆದೇಶದ ಪ್ರತಿ ಬಂತು. ಹೆಡ್‌ಮಾಸ್ಟರು ಅದನ್ನು ಮೆಟ್ಟಿಲ ಮೇಲೆ ನಿಂತು ಗಟ್ಟಿಯಾಗಿ ಓದಿದರು: ಎರಡು ಸಮಿತಿಗಳೂ ಸಿಂಧುವಲ್ಲ, ಅಧಿಕಾರಿಯೊಬ್ಬರ ಮುಂದೆ ಸದಸ್ಯರ ಚುನಾವಣೆ ಹೊಸದಾಗಿ ಆಗಬೇಕು, ಅಲ್ಲಿಯತನಕ ಪಾಠ ಹೀಗೇ ನಡೆಯಲಿ.

ಕಾರ್ಯದರ್ಶಿಯ ಕಡೆಯ ಒಬ್ಬರು ಹಿರಿಯರು ಡಬ್ಬಿಯಲ್ಲಿ ಉಳಿದಿದ್ದ ಪೇಡಾವನ್ನು ಅಧ್ಯಕ್ಷರ ಮುಂದೆ ಹಿಡಿದು, "ತಗಳ್ರೀ, ಇನ್ನೇನ್ ಮಾಡೋದು" ಎಂದರು. ಅಧ್ಯಕ್ಷರು ತೆಗೆದುಕೊಂಡರು.

ಚುನಾವಣೆಯಲ್ಲಿ ಗೆದ್ದ ಸಮಿತಿಯಲ್ಲಿ ಎರಡೂ ಕಡೆಯವರಿದ್ದರು. ಗಣಿತದ ಹುದ್ದೆ ಅವಳಿಗೆ ಹೋಯಿತು. ನನಗಿಂತ ಅವಳ ಅಂಕ ಹೆಚ್ಚಿತ್ತು. ನನಗೆ ಬೇಸರವಾಗಲು ಸಮಯವೇ ಸಿಗಲಿಲ್ಲ. ವಿಜ್ಞಾನದ ಮೇಷ್ಟ್ರು ಸರ್ಕಾರಿ ಕೆಲಸ ಸಿಕ್ಕಿ ಹೋಗಿದ್ದರು, ಆ ಜಾಗಕ್ಕೆ ನನ್ನನ್ನು ಹಾಕಿದರು. ಭೌತಶಾಸ್ತ್ರ ನನಗೆ ಅರ್ಧ ಮರೆತೇಹೋಗಿತ್ತು. ಬೇಸಿಗೆ ರಜೆಯೆಲ್ಲ ಅವಳ ಮನೆಗೆ ಹೋಗಿ, ಅವಳ ಅಪ್ಪನ ಹೊಲಿಗೆ ಮಿಷನ್ನಿನ ಪಕ್ಕದಲ್ಲಿ ಕೂತು ಪುಸ್ತಕ ಬಿಡಿಸಿದೆವು. ಅವಳ ಅಮ್ಮ ಚಹಾ ತಂದಿಟ್ಟು ನಮ್ಮನ್ನು ನೋಡಿ, "ಓದೋದು ಯಾವಾಗ್ರೀ ನೀವು? ಬಂದಾಗಿಂದ ನಗೋದೇ ಆತಲ್ಲ" ಎಂದರು.