ಮೊದ್ಲು ಏನೇನು ಹಾಕಿದ್ರಿ?

ಎಪ್ಪತ್ತರ ದಶಕದಲ್ಲಿ ನಿಟ್ಟೂರಿಗೆ ಬರುತ್ತಿದ್ದ ದನದ ಡಾಕ್ಟರು ಕಾಯಿಲೆ ಬಿದ್ದ ನಾಯಿಗಿಂತ ಮೊದಲು ಅದರ ಒಡೆಯನನ್ನು ದುರುಗುಟ್ಟಿ ನೋಡುತ್ತಿದ್ದರು. ಕನ್ನಡಕವನ್ನು ಹಣೆಗೇರಿಸಿ ಕೇಳುತ್ತಿದ್ದುದು ಒಂದೇ ಮಾತು: "ಮೊದ್ಲು ಏನೇನು ಹಾಕಿದ್ರಿ, ಹೇಳಿ." ಸಿಡುಕ ಎಂದು ಊರು ಅವರಿಗೆ ಹೆಸರಿಟ್ಟಿತ್ತು. ನಾಯಿಗಳ ಅಭಿಪ್ರಾಯವನ್ನು ಯಾರೂ ಕೇಳಿರಲಿಲ್ಲ.

ಒಮ್ಮೆ ನಾನು ಡಾಕ್ಟರ ಬಳಿ ಇದ್ದಾಗಲೇ ನಮ್ಮ ಪಕ್ಕದ ಮನೆಯ ಗೌಡರು ತಮ್ಮ ನಾಯಿಯನ್ನು ಹೊತ್ತು ತಂದರು. ಅದರ ಮೈ ನಡುಗುತ್ತಿತ್ತು, ವಾಂತಿಯಲ್ಲಿ ರಕ್ತವಿತ್ತು.

"ಎಂತದೂ ಹಾಕ್ಲಿಲ್ಲ ಡಾಕ್ಟ್ರೇ. ಉಣ್ಣಿ ಆಗಿತ್ತು, ಗೆದ್ದಲಿಗೆ ತಂದ ಪುಡಿ ತಿಕ್ಕಿದೆ. ಕುಂಟ್ತಿತ್ತು, ನನ್ನ ಮಂಡಿನೋವಿನ ಗುಳಿಗೆ ಕೊಟ್ಟೆ."

"ಎರಡೂ ಒಟ್ಟಿಗಾ?"

"ಒಂದೇ ಸಲಕ್ಕೆ ವಾಸಿ ಆಗ್ಲಿ ಅಂತ."

ಡಾಕ್ಟರ ಮುಖ ಕೆಂಪೇರಿತು. "ಪುಡಿ ಮೈ ಮೇಲಿದ್ರೆ ನಾಯಿ ನೆಕ್ಕದೆ ಬಿಡ್ತದಾ? ಅದರ ಮೇಲೆ ಮನುಷ್ಯರ ಗುಳಿಗೆ ಬೇರೆ! ಉಣ್ಣಿಗೂ ನೋವಿಗೂ ಮದ್ದು ಕೊಡೋ ಮೊದ್ಲು ನನ್ನನ್ನ ಒಂದು ಮಾತು ಕೇಳಕ್ಕೆ ಏನಾಗಿತ್ತು? ಎರಡನ್ನೂ ನೀವು ತಿಂತೀರಾ?"

ಗೌಡರು ತಲೆ ತಗ್ಗಿಸಿದರು. ನಾಯಿ ಅವರನ್ನೇ ಸಮಾಧಾನ ಮಾಡುವಂತೆ ಕೈ ನೆಕ್ಕತೊಡಗಿತು. ಡಾಕ್ಟರು ಆ ಕೈಯನ್ನು ಕಿತ್ತೆಳೆದರು. ಬೆರಳ ಸಂದಿಯಲ್ಲಿ ಪುಡಿ ಇನ್ನೂ ಅಂಟಿಕೊಂಡಿತ್ತು.

"ಅದು ಈಗ್ಲೂ ನಿಮ್ಮನ್ನ ನಂಬಿದೆ ಕಣ್ರೀ. ಹೋಗಿ, ಮೊದ್ಲು ಕೈ ತೊಳ್ಕಂಡು ಬನ್ನಿ!"