ಜಾರದ ಬೆರಳು

“ಕಾಕಾನ ಬೆರಳ ಜಾರ್ತು, ಫೋಟೋ ಬಿತ್ತು!” ನಾನು ರಾಕ್ ಸಂಗೀತದ ಛಾಯಾಗ್ರಾಹಕನಾದದ್ದು ಹೀಗೆ ಎಂದು, ಆ ಚಿತ್ರದಲ್ಲಿ ಗಾಳಿಯಲ್ಲಿ ನಿಂತ ಗಿಟಾರ್ ವಾದಕನೇ ಊರೂರಿನ ವೇದಿಕೆಯ ಮೇಲೆ ಹೇಳುತ್ತ ಬಂದಿದ್ದಾನೆ. ಬರುವ ವಾರ ಧಾರವಾಡದಲ್ಲಿ ನನ್ನ ಚಿತ್ರಗಳ ಪ್ರದರ್ಶನವಿದೆ. ಚಿತ್ರದ ಕೆಳಗೆ ಅದೇ ಮಾತನ್ನು ಅಚ್ಚು ಹಾಕಿಸಬೇಕೆಂಬುದು ಅವನ ಹಟವಾಗಿತ್ತು. ನಾನು ಒಪ್ಪಲಿಲ್ಲ.

ನಾನು ಆಗ ನವಲಗುಂದದಲ್ಲಿ ಮದುವೆಯ ಫೋಟೋ ತೆಗೆಯುತ್ತಿದ್ದೆ. ನನ್ನ ಫ್ಲ್ಯಾಶ್ ಒಮ್ಮೆ ಮಿಂಚಿದರೆ ಮತ್ತೆ ತುಂಬಿಕೊಳ್ಳಲು ಸಾಕಷ್ಟು ಹೊತ್ತು ಬೇಕಾಗುತ್ತಿತ್ತು. ಆದ್ದರಿಂದ ವಧೂವರರ ಮೇಲೆ ಅಕ್ಕಿಕಾಳು ಬೀಳುವ ಗಳಿಗೆಗೆ ನನಗಿದ್ದುದು ಒಂದೇ ಅವಕಾಶ. ಕಾಳು ಕಂಡ ಮೇಲೆ ಒತ್ತಿದರೆ ಅವು ಆಗಲೇ ನೆಲದ ಮೇಲಿರುತ್ತವೆ. ಅದಕ್ಕೇ ನಾನು ಕಣ್ಣನ್ನು ನಂಬದೆ ಕಿವಿಯನ್ನು ನಂಬಿದೆ. ಮಂಗಳಾಷ್ಟಕದ ಕೊನೆಯಲ್ಲಿ “ಸಾವಧಾನ” ಎಂಬ ಮಾತನ್ನು ಉದ್ದಕ್ಕೆ ಎಳೆಯುತ್ತಾರೆ. ವಾಜಂತ್ರಿಯ ಡೋಲಿನ ಪೆಟ್ಟು ಒತ್ತೊತ್ತಾಗುತ್ತದೆ. ಕೈಗಳು ಏಳುವ ಮೊದಲೇ ನನ್ನ ಬೆರಳು ಸಿದ್ಧವಾಗಿರುತ್ತಿತ್ತು.

ಶಲವಡಿಯ ಆ ಮದುವೆ ಗೋಧೂಳಿ ಮುಹೂರ್ತದ್ದು. ಅಕ್ಕಿಕಾಳು ಬಿದ್ದು ಮುಗಿಯುತ್ತಲೇ ವರನ ಕಾಲೇಜು ಗೆಳೆಯರು ಹುಬ್ಬಳ್ಳಿಯಿಂದ ಕರೆತಂದಿದ್ದ ರಾಕ್ ತಂಡ ಟ್ರ್ಯಾಕ್ಟರಿನ ಟ್ರ್ಯಾಲಿ ಏರಿತು. ಮೊದಲ ಪೆಟ್ಟಿಗೇ ನನ್ನ ಎದೆ ಹಾರಿತು! ಅಂಥ ಸದ್ದನ್ನು ನಾನು ಕೇಳಿಯೇ ಇರಲಿಲ್ಲ. ಗಿಟಾರಿನ ಹುಡುಗ ಹಾಡಿನ ಕೊನೆಗೆ ಟ್ರ್ಯಾಲಿಯಿಂದ ಜಿಗಿದ. ನಾನು ಒತ್ತಲಿಲ್ಲ, ಕೇಳುತ್ತ ನಿಂತೆ.

“ಏನ್ರೀ ಕಾಕಾ, ಕ್ಯಾಮೆರಾದಾಗ ರೋಲ್ ಐತೋ, ಬರೇ ಡಬ್ಬಿ ಹಿಡಕೊಂಡ್ ನಿಂತೀರೋ?” ಎಂದು ವರನ ಗೆಳೆಯನೊಬ್ಬ ಕೆಣಕಿದ.

“ಸಾವಧಾನ ಬರ್ಲಿ, ತಡಿಲೇ!” ಎಂದೆ.

ಸುತ್ತಲಿನವರು ಗೊಳ್ಳೆಂದರು. ಆದರೆ ನನಗೆ ಗುಟ್ಟು ಸಿಕ್ಕಿತ್ತು. ಜಿಗಿತಕ್ಕೆ ಮೊದಲು ಡ್ರಮ್ಮಿನವನು ಪೆಟ್ಟುಗಳನ್ನು ಒತ್ತೊತ್ತಾಗಿ ಬಾರಿಸುತ್ತಿದ್ದ, ಥೇಟ್ ನಮ್ಮ ವಾಜಂತ್ರಿಯವರಂತೆ. ಮುಂದಿನ ಹಾಡಿನಲ್ಲಿ ಆ ಪೆಟ್ಟುಗಳು ಬಂದವು. ಒತ್ತಿದೆ. ಫ್ಲ್ಯಾಶಿನ ಕೆಂಪು ದೀಪ ಮತ್ತೆ ಹೊತ್ತುವವರೆಗೆ ಕಾದೆ, ಅದರ ಮುಂದಿನ ಹಾಡಿಗೆ ಇನ್ನೊಮ್ಮೆ ಒತ್ತಿದೆ. ಆ ಚಿತ್ರ ನೋಡಿದ ತಂಡ ನನ್ನನ್ನು ತನ್ನ ವ್ಯಾನಿನಲ್ಲಿ ಕೂರಿಸಿಕೊಂಡಿತು. ಮುಂದೆ ಎಷ್ಟು ಊರು, ಎಷ್ಟು ವೇದಿಕೆ!

ನಿನ್ನೆ ಆ ಗಿಟಾರಿನ ಹುಡುಗನನ್ನು ನನ್ನ ಫೋಟೋ ಅಂಗಡಿಗೆ ಕರೆಸಿದೆ. ಈಗ ಅವನಿಗೂ ಹೊಟ್ಟೆ ಬಂದಿದೆ.

“ಬಿಡ್ರಿ ಕಾಕಾ, ಆ ಕಥಿ ಮಂದಿಗೆ ಅಗದಿ ಸೇರತೈತಿ,” ಎಂದ.

“ಕಥಿ ಸೇರಲಿ. ಮೊದಲ ಇದನ್ನ ನೋಡು,” ಎಂದು ನೆಗೆಟಿವ್ ಪಟ್ಟಿಯನ್ನು ಬೆಳಕಿಗೆ ಹಿಡಿದೆ.

ಅವನು ಬಹಳ ಹೊತ್ತು ನೋಡಿದ. “ಎರಡನೇ ಸಲಾನೂ ಜಾರಿತ್ತೇನ್ರೀ ಕಾಕಾ?” ಎಂದು ನಕ್ಕ. ಆಮೇಲೆ ಅಚ್ಚಿನವನಿಗೆ ಫೋನ್ ಮಾಡಿ ಆ ಸಾಲನ್ನು ತೆಗೆಸಿದ.

ನಂಬದವರು ಪ್ರದರ್ಶನಕ್ಕೆ ಬರಲಿ. ಪಟ್ಟಿಯನ್ನು ಗಾಜಿನ ಹಿಂದೆ ದೀಪವಿಟ್ಟು ತೂಗುಹಾಕಿಸಿದ್ದೇನೆ. ಮೊದಲ ಚೌಕದಲ್ಲಿ ವಧೂವರರ ತಲೆಯ ಮೇಲೆ ಕಾಳುಗಳು ಗಾಳಿಯಲ್ಲಿವೆ. ಅದರ ಪಕ್ಕದ ಎರಡು ಚೌಕಗಳಲ್ಲಿ, ಎರಡು ಬೇರೆ ಹಾಡುಗಳಲ್ಲಿ, ಅವನ ಕಾಲುಗಳು.