ಪಾಸ್‌ಪೋರ್ಟಿಗೆ ಬಂದ ಪೊಲೀಸ

ತೊಂಬತ್ತರ ಸುಮಾರಿಗೆ ಬೋರಗಾಂವದ ಶಾಂತಾಳನ್ನು ವಿದೇಶದ ಫುಟ್‌ಬಾಲ್ ಕ್ಲಬ್ಬೊಂದು ಸಂಬಳ ಕೊಟ್ಟು ಆಡಲು ಕರೆದಿತ್ತು. ಪಾಸ್‌ಪೋರ್ಟಿನ ಅರ್ಜಿ ತುಂಬಿದವನು ಬೀಡಿ ಕಾರ್ಮಿಕರ ಸಂಘದ ಮುಖಂಡನಾಗಿದ್ದ ನಾನೇ. ಪಾಸ್‌ಪೋರ್ಟು ಬರಲೇ ಇಲ್ಲ. ಕ್ಲಬ್ಬು ಬೇರೆ ಹುಡುಗಿಯನ್ನು ತೆಗೆದುಕೊಂಡಿತು. ಕಚೇರಿಯವರನ್ನು ಬೈಯುತ್ತ ಶಾಂತಾಳ ಮನೆಗೆ ಹೋದೆ. ಅವಳ ತಾಯಿ ಬೀಡಿ ಸುತ್ತುತ್ತಿದ್ದಳು.

"ವಿಚಾರಣೆಗೆ ಪೊಲೀಸರು ಬಂದಿದ್ದರೇನಕ್ಕಾ?"

"ಒಬ್ಬಾಂವ ಬಂದಿದ್ದನ್ರಿ. ಶಾಂತಾ ಎಲ್ಲಿ ಅಂದ. ಆ ಹೆಸರಿನಾಕಿ ಈ ಓಣ್ಯಾಗ ಯಾರೂ ಇಲ್ಲಂತ ಹೇಳಿ ಕಳಿಸೀನ್ರಿ. ಸ್ಟ್ರೈಕಿನ ಭಾಷಣದಾಗ ನೀವ ಕಲಿಸಿದ್ದಿರಲ್ರಿ, ಪೊಲೀಸರು ಯಾರ ಹೆಸರು ಕೇಳಿದ್ರೂ ಗೊತ್ತಿಲ್ಲ ಅನ್ರಿ ಅಂತ. ಬರೋಬರಿ ಮಾಡಿದ್ನಿಲ್ರಿ?"

ಬಾಗಿಲಲ್ಲಿ ನಿಂತಿದ್ದ ಶಾಂತಾ ನನ್ನನ್ನೇ ನೋಡುತ್ತಿದ್ದಳು.

ನನ್ನ ಭಾಷಣವನ್ನು ಅಷ್ಟು ಮನಸ್ಸಿಟ್ಟು ಕೇಳಿದವಳು ಆ ತಾಯಿಯೊಬ್ಬಳೇ.